ಹಿಂದಿ ಮಾತಾಡುವ ‘ಮ್ಯಾಟ್ರಿಕ್ಸ್’ಗೆ ಕನ್ನಡ ಸಬ್‌ಟೈಟಲ್: ಕಲಬುರಗಿಯ ಕಾಲೇಜು ಪ್ರದರ್ಶನಕ್ಕೊಂದು ಕೈಪಿಡಿ

“ಕಲಬುರಗ್ಯಾಗ ಹಿಂದಿ ಯಾರಿಗೆ ತಿಳಿಯಂಗಿಲ್ಲ? ಸಬ್‌ಟೈಟಲ್ ಯಾಕ ಬೇಕು?” ಕಾಲೇಜಿನಲ್ಲಿ ಹಿಂದಿ ಡಬ್ಬಿಂಗ್ ಚಿತ್ರ ತೋರಿಸಲು ಹೊರಟರೆ ಮೊದಲು ಬರುವ ಮಾತು ಇದೇ. ಇದು ಅರ್ಧ ಮಾತ್ರ ಸರಿ. ಕಲಬುರಗಿಯ ಸೂಪರ್ ಮಾರ್ಕೆಟ್ ಪೇಟೆಯಲ್ಲಿ, ಬಂದೇನವಾಜ್ ದರ್ಗಾದ ಸುತ್ತ, ಬೀದರಿನ ಓಣಿಗಳಲ್ಲಿ ಕಿವಿಗೆ ಬೀಳುವುದು ದಖನಿ ಉರ್ದು. ಅಲ್ಲಿ ಬೇಡ ಅನ್ನುವುದಕ್ಕೆ ‘ನಕ್ಕೋ’, ಹೌದು ಅನ್ನುವುದಕ್ಕೆ ‘ಹೌ’, ಯಾಕೆ ಅನ್ನುವುದಕ್ಕೆ ‘ಕಾಯ್ಕು’. ಡಬ್ಬಿಂಗ್ ಸ್ಟುಡಿಯೊದ ಹಿಂದಿಯಲ್ಲಿ ಈ ಮೂರೂ ಇರುವುದಿಲ್ಲ. ಸಂತೆಯ ಮಾತು ಬಲ್ಲವರಿಗೆ ಅಸ್ತಿತ್ವ, ನಿಯಂತ್ರಣ, ಚೇತನೆ ಎಂಬ ಪದಗಳು ಓಡುವ ವೇಗದಲ್ಲಿ ಬಂದಾಗ ತಲೆಗೆ ಹತ್ತುವುದಿಲ್ಲ. ಜೇವರ್ಗಿ, ಅಫಜಲಪುರ, ಸುರಪುರದ ಹಳ್ಳಿಗಳಿಂದ ಬಂದ ವಿದ್ಯಾರ್ಥಿಗಳಿಗೆ ಇನ್ನೂ ಕಷ್ಟ. ಹೊಡೆದಾಟ ಎಲ್ಲರಿಗೂ ಗೊತ್ತಾಗುತ್ತದೆ, ಯಾಕೆ ಹೊಡೆದಾಡುತ್ತಿದ್ದಾರೆ ಎಂಬುದು ಮಾತ್ರ ಮಾತಿನಲ್ಲಿದೆ.

ಕನ್ನಡಕ್ಕೆ ಡಬ್ಬಿಂಗ್ ದಶಕಗಳ ಕಾಲ ನಡೆಯಲೇ ಇಲ್ಲ. ಹಾಗಾಗಿ ನಮ್ಮ ಭಾಗದವರು ಹಾಲಿವುಡ್ ಚಿತ್ರಗಳನ್ನು ನೋಡಿದ್ದು ಬಹುಮಟ್ಟಿಗೆ ಹಿಂದಿಯಲ್ಲಿ, ಸೇಡಂ–ಗುರುಮಠಕಲ್ ಕಡೆ ತೆಲುಗಿನಲ್ಲಿ. ಧ್ವನಿ ಹಿಂದಿಯದೇ ಇರಲಿ, ಅಡಿಯಲ್ಲಿ ಕನ್ನಡ ಬರಲಿ. ಮೂರು ಜನ, ಒಂದು ಲ್ಯಾಪ್‌ಟಾಪ್, ಎರಡು ಮೂರು ವಾರದ ಸಂಜೆಗಳು ಇದ್ದರೆ ಈ ಕೆಲಸ ಆಗುತ್ತದೆ.

‘ಮ್ಯಾಟ್ರಿಕ್ಸ್’ 1999ರ ಇಂಗ್ಲಿಷ್ ಚಿತ್ರ, ವಚೌಸ್ಕಿ ಸೋದರಿಯರು ಬರೆದು ನಿರ್ದೇಶಿಸಿದ್ದು, ಉದ್ದ 136 ನಿಮಿಷ. ನಾವು ಬದುಕುತ್ತಿರುವ ಜಗತ್ತು ಯಂತ್ರಗಳು ಮನುಷ್ಯರ ಮಿದುಳಿಗೆ ತೋರಿಸುತ್ತಿರುವ ಕಂಪ್ಯೂಟರ್ ಕಟ್ಟಿದ ಕನಸು, ನಿಜವಾದ ದೇಹಗಳು ತೊಟ್ಟಿಗಳಲ್ಲಿ ಮಲಗಿ ಆ ಯಂತ್ರಗಳಿಗೆ ಶಕ್ತಿ ಕೊಡುತ್ತಿವೆ ಎಂಬುದು ಕತೆಯ ಬುಡ. ಜನ 1999 ಎಂದು ನಂಬಿರುವ ಕಾಲ ನಿಜಕ್ಕೂ 2199ರ ಆಸುಪಾಸು. ಇದಿಷ್ಟು ನೋಡುಗರಿಗೆ ಗೊತ್ತಾಗದೆ ಹೋದರೆ ಉಳಿಯುವುದು ಕಪ್ಪು ಕನ್ನಡಕ, ಉದ್ದ ಕೋಟು, ಗುಂಡಿನ ಸದ್ದು ಅಷ್ಟೇ.

ಮೊದಲು ಪ್ರತಿ, ಆಮೇಲೆ ಅನುಮತಿ

ಹಿಂದಿ ಮತ್ತು ಇಂಗ್ಲಿಷ್ ಎರಡೂ ಧ್ವನಿಪಟ್ಟಿ ಇರುವ ಅಸಲಿ ಡಿಸ್ಕ್ ಹುಡುಕಿ. ಪೆಟ್ಟಿಗೆಯ ಹಿಂದೆ ಭಾಷೆಗಳ ಪಟ್ಟಿ, ಅವಧಿ, ಸೆನ್ಸಾರ್ ದರ್ಜೆ ಮೂರನ್ನೂ ಓದಿ ಬರೆದಿಟ್ಟುಕೊಳ್ಳಿ. ಗುಂಡಿನ ಕಾಳಗ ಸಾಕಷ್ಟಿದೆ, ಅಮೆರಿಕದಲ್ಲಿ ಇದಕ್ಕೆ ಮಕ್ಕಳು ಒಬ್ಬರೇ ನೋಡುವಂತಿಲ್ಲ ಎಂಬ ‘ಆರ್’ ದರ್ಜೆ ಸಿಕ್ಕಿತ್ತು. ಹಾಗಾಗಿ ಪದವಿ ತರಗತಿಯವರಿಗೆ ಇಟ್ಟುಕೊಳ್ಳುವುದು ಒಳ್ಳೆಯದು. ಟಿವಿಯಲ್ಲಿ ಬಂದದ್ದನ್ನು ರೆಕಾರ್ಡ್ ಮಾಡಿದ ಪ್ರತಿ ಬೇಡ. ಅದು ಕಾನೂನಿಗೂ ವಿರುದ್ಧ, ಕೆಲಸಕ್ಕೂ ಬಾರದು. ವಾಹಿನಿಯವರು ಅಲ್ಲಲ್ಲಿ ಕತ್ತರಿಸಿರುತ್ತಾರೆ, ಒಂದೊಂದು ಕತ್ತರಿಯ ನಂತರವೂ ನಿಮ್ಮ ಸಾಲುಗಳು ಅಷ್ಟಷ್ಟು ಸೆಕೆಂಡು ಹಿಂದೆ ಬೀಳುತ್ತವೆ. ಓಟಿಟಿ ಆ್ಯಪ್‌ಗಳಲ್ಲಿ ನಮ್ಮದೇ ಸಬ್‌ಟೈಟಲ್ ಸೇರಿಸುವ ದಾರಿ ಇರುವುದಿಲ್ಲ, ಆ ಚಂದಾ ಕೂಡ ಮನೆಯೊಳಗಿನ ನೋಟಕ್ಕಷ್ಟೇ.

1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಂನಲ್ಲಿ ಶಿಕ್ಷಣ ಸಂಸ್ಥೆಗಳಿಗೆ ಒಂದು ವಿನಾಯಿತಿ ಇದೆ. ಪ್ರದರ್ಶನ ಸಂಸ್ಥೆಯ ಚಟುವಟಿಕೆಯ ಭಾಗವಾಗಿರಬೇಕು. ನೋಡುವವರು ಅಲ್ಲಿಯ ಸಿಬ್ಬಂದಿ, ವಿದ್ಯಾರ್ಥಿಗಳು, ಅವರ ತಂದೆತಾಯಿ ಅಥವಾ ಪೋಷಕರು, ಸಂಸ್ಥೆಯ ಚಟುವಟಿಕೆಗೆ ಸಂಬಂಧಪಟ್ಟವರು ಮಾತ್ರ ಆಗಿರಬೇಕು. ಟಿಕೆಟ್ ಇಟ್ಟು ಊರಿಗೆಲ್ಲ ಡಂಗುರ ಹೊಡೆಸಿದರೆ ಈ ಆಸರೆ ತಪ್ಪುತ್ತದೆ, ಆಗ ಹಕ್ಕುದಾರರಿಂದ ಲಿಖಿತ ಅನುಮತಿ ಬೇಕು. ಸಬ್‌ಟೈಟಲ್ ಎಂಬುದು ಅನುವಾದ, ಅದರ ಹಕ್ಕು ಮೂಲದವರದು. ಆದ್ದರಿಂದ ಕಡತವನ್ನು ವಾಟ್ಸ್‌ಆ್ಯಪ್ ಗುಂಪುಗಳಿಗೆ ಹಂಚದೆ ಕಾಲೇಜಿನೊಳಗೇ ಇಟ್ಟುಕೊಳ್ಳಿ.

ಎರಡು ಧ್ವನಿ ಯಾಕೆ ಬೇಕು

ಹಿಂದಿ ಕೇಳಿ ಕನ್ನಡ ಬರೆದರೆ ಆಯಿತಲ್ಲ ಅನ್ನಿಸಬಹುದು. ಹೆಚ್ಚಿನ ತಪ್ಪು ಹುಟ್ಟುವುದು ಅಲ್ಲೇ. ಡಬ್ಬಿಂಗ್ ಬರೆಯುವವರು ತುಟಿಗೆ ಬರೆಯುತ್ತಾರೆ. ಪಾತ್ರದ ಬಾಯಿ ಎಷ್ಟು ಹೊತ್ತು ಆಡುತ್ತದೋ ಅಷ್ಟೇ ಉದ್ದದ ಮಾತು ಬೇಕು, ತುಟಿ ಮುಚ್ಚುವ ಜಾಗದಲ್ಲಿ ಪ, ಬ, ಮ ಬಂದರೆ ಚೆಂದ. ಅದಕ್ಕಾಗಿ ಅವರು ಅರ್ಥವನ್ನು ಒಂದಿಷ್ಟು ಜಗ್ಗುತ್ತಾರೆ, ಎಲ್ಲೋ ಒಂದು ಮಾತು ಸೇರಿಸುತ್ತಾರೆ, ಎಲ್ಲೋ ಬಿಡುತ್ತಾರೆ. ಅದು ಅವರ ಕೆಲಸದ ನ್ಯಾಯ. ಸಬ್‌ಟೈಟಲ್‌ಗೆ ತುಟಿಯ ಹಂಗಿಲ್ಲ. ಹಾಗಿರುವಾಗ ಜಗ್ಗಿದ ಅರ್ಥದ ಮೇಲೆ ಮತ್ತೊಮ್ಮೆ ಜಗ್ಗುವುದೇಕೆ? ಒಬ್ಬರು ಹಿಂದಿ ಕೇಳಿ ಬರೆಯಲಿ, ಇನ್ನೊಬ್ಬರು ಅದೇ ದೃಶ್ಯವನ್ನು ಇಂಗ್ಲಿಷ್‌ನಲ್ಲಿ ಕೇಳಿ ತಾಳೆ ನೋಡಲಿ. ಎರಡೂ ಬೇರೆ ಬೇರೆ ಹೇಳುತ್ತಿದ್ದರೆ ನಿಯಮ ಸರಳ: ಸಮಯ ಹಿಂದಿಯದು, ಅರ್ಥ ಮೂಲದ್ದು. ಕಿವಿಗೆ ಬೀಳುವ ಹೆಸರು, ಸಂಖ್ಯೆ, ಬೈಗುಳ ಮಾತ್ರ ಹಿಂದಿಯಲ್ಲಿ ಇದ್ದಂತೆಯೇ ಇರಲಿ. ಕಿವಿಗೊಂದು ಕಣ್ಣಿಗೊಂದು ಬಂದರೆ ಹಿಂದಿ ಬಲ್ಲವರು ತಪ್ಪು ಹುಡುಕುತ್ತಾ ಕೂರುತ್ತಾರೆ.

ಇನ್ನೊಂದು ಅನುಕೂಲವೂ ಇದೆ. ಕನ್ನಡದ ಹಾಗೆ ಹಿಂದಿಯಲ್ಲೂ ಕ್ರಿಯಾಪದ ಕೊನೆಗೆ ಬರುತ್ತದೆ. ಒಂದು ವಾಕ್ಯ ಎರಡು ಸಾಲುಗಳಿಗೆ ಹಂಚಿಹೋದಾಗ, ಗುಟ್ಟು ಬಿಚ್ಚುವ ಪದ ಎರಡರಲ್ಲೂ ಒಂದೇ ಹೊತ್ತಿಗೆ ಬರುತ್ತದೆ. ಇಂಗ್ಲಿಷ್ ತಾಳೆ ನೋಡುವಾಗ ಅದರ ಪದಕ್ರಮಕ್ಕೆ ಮರುಳಾಗಿ ಈ ಅನುಕೂಲ ಕಳೆದುಕೊಳ್ಳಬೇಡಿ.

ಪದಪಟ್ಟಿ: ಬರೆಯುವ ಮುಂಚೆ ಒಂದು ದಿನ ಇದಕ್ಕೇ

ಮೂವರೂ ಕೂತು ಪೂರ್ತಿ ಚಿತ್ರ ಒಮ್ಮೆ ನೋಡಿ, ಮರುಕಳಿಸುವ ಪದಗಳನ್ನೆಲ್ಲ ಒಂದು ಹಾಳೆಗೆ ಇಳಿಸಿ, ಒಂದೊಂದಕ್ಕೂ ಒಂದೇ ಕನ್ನಡ ಪದ ನಿಗದಿ ಮಾಡಿ. ಇದನ್ನು ಬಿಟ್ಟರೆ ಮೊದಲ ಅರ್ಧದಲ್ಲಿ ‘ಭ್ರಮೆ’, ಎರಡನೆಯ ಅರ್ಧದಲ್ಲಿ ‘ಮಾಯೆ’ ಎಂದು ಬಂದು, ಎರಡು ಬೇರೆ ಸಂಗತಿ ಇರಬೇಕು ಎಂದು ಜನ ತಿಳಿಯುತ್ತಾರೆ.

ಎಲ್ಲಕ್ಕಿಂತ ಮುಖ್ಯವಾದ ಪದ ‘ನಿಜ’. ಇಡೀ ಚಿತ್ರ ನಿಂತಿರುವುದು ಅದರ ಮೇಲೆ. ‘ವಾಸ್ತವ’ ಪಾಠಪುಸ್ತಕದ ಪದ, ಹಿಂದಿಯ ‘ವಾಸ್ತವ್’ ಕೇಳಿದೊಡನೆ ಕೈಗೆ ಬರುತ್ತದೆ, ಅದಕ್ಕೇ ಅದನ್ನು ಬಿಡಬೇಕು. ನಮ್ಮ ಭಾಗದಲ್ಲಿ ‘ಖರೇ’ ಇದೆ. “ಖರೇನ ಅದಾ, ಸುಳ್ಳ ಅದಾ?” ಎಂದು ಸಣ್ಣ ಹುಡುಗರೂ ಕೇಳುತ್ತಾರೆ. ಯಂತ್ರಗಳ ವಿರುದ್ಧ ಹೋರಾಡುವ ತಂಡದ ಮುಖಂಡ ಮಾರ್ಫಿಯಸ್ ಕಥಾನಾಯಕ ನಿಯೋಗೆ ನಿಜವೆಂದರೇನೆಂದು ಕೇಳುವ ಜಾಗದಲ್ಲಿ “ಖರೇ ಅಂದ್ರ ಏನು?” ಎಂಬ ಸಾಲು ಬಂದರೆ ಆ ಪ್ರಶ್ನೆ ಸಭಾಂಗಣದಲ್ಲಿ ಕೂತವರನ್ನೇ ಕೇಳಿದಂತಾಗುತ್ತದೆ. ಈ ಒಂದು ಪದ ಸಿಕ್ಕರೆ ಅರ್ಧ ಚಿತ್ರ ದಾಟಿದಂತೆ.

‘ಮಾಯೆ’ಯನ್ನು ಮಿತವಾಗಿ ಬಳಸಿ. ಬಸವಕಲ್ಯಾಣ ಇರುವ ನಾಡು ಇದು. ಇಲ್ಲಿ ಮಾಯೆ ಎಂದೊಡನೆ ವಚನಗಳ ಮಾಯೆ, ಅಂದರೆ ಮನದೊಳಗಿನ ಆಸೆ ಕಣ್ಣಿಗೆ ಬರುತ್ತದೆ. ಚಿತ್ರದ ಜಗತ್ತು ಹೊರಗಿನ ಯಂತ್ರ ಕಟ್ಟಿದ್ದು. ಮ್ಯಾಟ್ರಿಕ್ಸ್ ಅನ್ನು ಮ್ಯಾಟ್ರಿಕ್ಸ್ ಎಂದೇ ಬಿಡಿ, ಅದನ್ನು ವಿವರಿಸುವ ಸಾಲುಗಳಲ್ಲಿ ‘ಸುಳ್ಳು ಜಗತ್ತು’, ‘ಕಟ್ಟಿದ ಕನಸು’ ಸಾಕು. ಆಸೆಯ ಮಾತೇ ಬರುವ ಒಂದು ಜಾಗ ಇದೆ. ಹೋಟೆಲಿನಲ್ಲಿ ಮಾರ್ಫಿಯಸ್ ತಂಡದ ಸೈಫರ್ ತಟ್ಟೆಯಲ್ಲಿರುವ ಮಾಂಸ ಸುಳ್ಳೆಂದು ಗೊತ್ತಿದ್ದೂ ರುಚಿ ಸವಿಯುವ ದೃಶ್ಯ. ‘ಮಾಯೆ’ಯನ್ನು ಅದಕ್ಕೆ ಉಳಿಸಿಕೊಂಡರೆ ಪದಕ್ಕೆ ಬೆಲೆ ಬರುತ್ತದೆ.

ಮುಂದಾಗುವುದನ್ನು ಹೇಳುವ ‘ಒರಾಕಲ್’ ಅಡುಗೆಮನೆಯಲ್ಲಿ ಬಿಸ್ಕೀಟು ಸುಡುತ್ತಾ ನಿಂತ ಹೆಂಗಸು. ‘ಭವಿಷ್ಯವಾಣಿ’ ಎಂದರೆ ರೇಡಿಯೊ ಕಾರ್ಯಕ್ರಮ ನೆನಪಾಗುತ್ತದೆ. ಯಾದಗಿರಿ ಜಿಲ್ಲೆಯ ಕೊಡೇಕಲ್ಲ ಬಸವಣ್ಣನ ಕಾಲಜ್ಞಾನ ಈ ಭಾಗದವರಿಗೆ ಹೊಸದಲ್ಲ. ‘ಕಾಲಜ್ಞಾನದ ಆಯಿ’ ಎಂದು ಒಮ್ಮೆ ಹೇಳಿ, ಆಮೇಲೆ ‘ಆಯಿ’ ಎಂದಷ್ಟೇ ಬರೆದರೆ ಸಾಲೂ ಉಳಿಯುತ್ತದೆ, ಆಕೆಯ ಮನೆಯವಳಂಥ ಸೊಗಸೂ ಉಳಿಯುತ್ತದೆ.

ಫೋನುಗಳ ವಿಷಯದಲ್ಲಿ ಎಚ್ಚರ ಬೇಕು. ಪಾತ್ರಗಳು ಮೊಬೈಲಿನಲ್ಲಿ ಮಾತಾಡುತ್ತವೆ, ಆದರೆ ಸುಳ್ಳು ಜಗತ್ತಿನಿಂದ ಹೊರಬೀಳಲು ತಂತಿಯ ಫೋನೇ ಬೇಕು. ಎರಡಕ್ಕೂ ‘ಫೋನು’ ಎಂದು ಬರೆದರೆ, ಕೈಯಲ್ಲೇ ಫೋನಿದೆಯಲ್ಲ, ಮತ್ಯಾಕೆ ಓಡುತ್ತಿದ್ದಾರೆ ಎಂದು ಇಂದಿನ ಹುಡುಗರು ಕೇಳುತ್ತಾರೆ, ಕೊನೆಯ ಅರ್ಧ ತಾಸಿನ ಓಟವೇ ಅರ್ಥ ಕಳೆದುಕೊಳ್ಳುತ್ತದೆ. ಒಂದು ‘ಮೊಬೈಲ್’, ಇನ್ನೊಂದು ‘ತಂತಿ ಫೋನು’. ಇದನ್ನು ಕೊನೆತನಕ ಕದಲಿಸಬೇಡಿ.

ಸಣ್ಣವು ಕೆಲವು: ‘ಏಜೆಂಟ್’ ಎಂದರೆ ನಮ್ಮಲ್ಲಿ ವಿಮೆ ಮಾಡಿಸುವವರು, ಚಿತ್ರದಲ್ಲಿ ಸುಳ್ಳು ಜಗತ್ತನ್ನು ಕಾಯುವ ಕಂಪ್ಯೂಟರ್ ಪ್ರೋಗ್ರಾಂಗಳು. ಆದರೂ ಪದ ಬದಲಿಸಬೇಡಿ, ‘ಗುಪ್ತಚರ’ ಎಂದರೆ ಅವರು ಮನುಷ್ಯರೆಂಬ ತಪ್ಪು ಹುಟ್ಟುತ್ತದೆ. ಬಾಗುವ ಚಮಚದ ದೃಶ್ಯದಲ್ಲಿ ‘ಚಮಚ’ ಎಂದೇ ಬರೆಯಿರಿ, ದೀರ್ಘ ಎಳೆದು ‘ಚಮಚಾ’ ಎಂದರೆ ಹಿಂಬಾಲಕ ಎಂಬ ಅರ್ಥಕ್ಕೆ ಸಭೆ ನಕ್ಕು ಆ ಗಳಿಗೆ ಹಾಳು. ಮಾರ್ಫಿಯಸ್ ತಂಡದ ಹಡಗಿಗಿರುವ ನೆಬುಕಡ್ನೆಜರ್ ಎಂಬ ಹೆಸರು ಒಂದು ಸಲ ಸಾಕು, ಮುಂದೆ ‘ಹಡಗು’. ನಿಯೋ ಎಂಬುದು ಇಂಗ್ಲಿಷ್‌ನ ‘ಒನ್’ ಪದದ ಅಕ್ಷರಗಳನ್ನೇ ಅದಲುಬದಲು ಮಾಡಿದ ಹೆಸರು. ಕನ್ನಡದಲ್ಲಿ ಅದು ಉಳಿಯದು, ಪ್ರದರ್ಶನಕ್ಕೆ ಮುಂಚಿನ ಎರಡು ಮಾತಿನಲ್ಲಿ ಹೇಳಿಬಿಡಿ.

ಹಿಂದಿಯ ವೇಷದ ಕನ್ನಡ ಪದಗಳು

ಎರಡೂ ಭಾಷೆಯಲ್ಲಿರುವ ಸಂಸ್ಕೃತದ ಪದಗಳೇ ದೊಡ್ಡ ಬಲೆ. ಹಿಂದಿಯ ‘ಸಂಸಾರ್’ ಎಂದರೆ ಜಗತ್ತು, ನಮ್ಮ ಸಂಸಾರ ಹೆಂಡತಿ ಮಕ್ಕಳದು. ಹಿಂದಿಯ ‘ಅನುಮಾನ್’ ಅಂದಾಜು, ನಮ್ಮದು ಸಂಶಯ. ‘ಅವಸರ್’ ಅಲ್ಲಿ ಅವಕಾಶ, ಇಲ್ಲಿ ಗಡಿಬಿಡಿ. ‘ಶಿಕ್ಷಾ’ ಅಲ್ಲಿ ಕಲಿಕೆ, ಇಲ್ಲಿ ದಂಡನೆ. ‘ಚೇಷ್ಟಾ’ ಅಲ್ಲಿ ಪ್ರಯತ್ನ, ಇಲ್ಲಿ ಕಿಡಿಗೇಡಿತನ. ಸುಳ್ಳು ಜಗತ್ತು, ತರಬೇತಿ, ಆಯ್ಕೆ ಇವುಗಳ ಬಗೆಗಿನ ಚಿತ್ರದಲ್ಲಿ ಇಂಥ ಪದಗಳು ಪದೇ ಪದೇ ಬರುವ ಸಂಭವ ಇದೆ. ಬರೆದು ಮುಗಿಸಿದ ಮೇಲೆ ಕಡತದಲ್ಲಿ ಈ ಐದೂ ಪದಗಳನ್ನು ಹುಡುಕಿ, ಸಿಕ್ಕಲ್ಲೆಲ್ಲ ನಿಂತು ನೋಡಿ.

ಸರ್ವನಾಮಗಳೂ ಹೀಗೇ. ಹಿಂದಿಯಲ್ಲಿ ‘ಆಪ್’, ‘ತುಮ್’, ‘ತೂ’ ಮೂರು ಮೆಟ್ಟಿಲು, ನಮ್ಮಲ್ಲಿ ‘ನೀವು’, ‘ನೀನು’ ಎರಡೇ. ಕಷ್ಟ ‘ತುಮ್’ನದು. ಅದನ್ನು ಕೇಳಿದಾಗಲೆಲ್ಲ ‘ನೀನು’ ಎಂದು ಬರೆಯದೆ, ಪಾತ್ರದಿಂದ ಪಾತ್ರಕ್ಕೆ ಒಂದು ಕೋಷ್ಟಕ ಮಾಡಿಟ್ಟುಕೊಳ್ಳಿ. ಮಾರ್ಫಿಯಸ್ ನಿಯೋಗೆ ‘ನೀನು’, ನಿಯೋ ಅವನಿಗೆ ‘ನೀವು’. ಮಾರ್ಫಿಯಸ್ ತಂಡದ ಟ್ರಿನಿಟಿ ಮತ್ತು ನಿಯೋ ಕ್ಲಬ್ಬಿನಲ್ಲಿ ಮೊದಲು ಕಂಡಾಗ ‘ನೀವು’, ಹಡಗಿಗೆ ಬಂದ ಮೇಲೆ ‘ನೀನು’. ಏಜೆಂಟ್ ಸ್ಮಿತ್ ಮಾತ್ರ ಕೊನೆಯವರೆಗೂ ಬಹುವಚನದಲ್ಲೇ ಮಾತಾಡಲಿ. ಅವನು ಬಿಡದೆ ಸುಳ್ಳು ಜಗತ್ತಿನ ಹೆಸರು ಹಿಡಿದು ‘ಮಿಸ್ಟರ್ ಆಂಡರ್ಸನ್’ ಎನ್ನುವುದು ನಿಯೋ ಎಂಬ ಹೆಸರನ್ನೇ ಒಪ್ಪದೆ ಇರುವುದಕ್ಕೆ. ಸಾಲು ಉಳಿಸಲು ಆ ಸಂಬೋಧನೆ ತೆಗೆದರೆ ಕೊನೆಯ ಕಾಳಗದ ಅರ್ಧ ಕಾವು ಹೋಗುತ್ತದೆ.

ಯಾವ ಕನ್ನಡ? ಪೂರ್ತಿ ಗ್ರಾಂಥಿಕ ಬೇಡ, ಪೂರ್ತಿ ಆಡುಮಾತೂ ಬೇಡ. ಏಜೆಂಟರಿಗೆ ಕಚೇರಿಯ ಸುತ್ತೋಲೆಯಂಥ ಗ್ರಾಂಥಿಕ ಭಾಷೆ, ಹಡಗಿನವರಿಗೆ ನಮ್ಮ ಮಾತು. ಹಾಗೆ ಹಂಚಿದರೆ ಯಂತ್ರ ಯಾರು ಮನುಷ್ಯ ಯಾರು ಎಂಬುದು ಓದುವಾಗಲೇ ಗೊತ್ತಾಗುತ್ತದೆ. ಜಾಗವೂ ಉಳಿಯುತ್ತದೆ: ‘ನೀನು ಈಗ ಎಲ್ಲಿದ್ದೀಯೆಂದು ನಿನಗೆ ತಿಳಿದಿಲ್ಲ’ ಎಂಬುದಕ್ಕೆ 16 ಅಕ್ಷರ, ‘ನೀ ಎಲ್ಲಿದ್ದಿ ನಿನಗ ಗೊತ್ತಿಲ್ಲ’ ಎಂಬುದಕ್ಕೆ 10.

ಸಾಲು ಮತ್ತು ಸಮಯ

‘ಸಬ್‌ಟೈಟಲ್ ಎಡಿಟ್’ ಎಂಬ ಉಚಿತ ತಂತ್ರಾಂಶ ಸಾಕು. ಧ್ವನಿಯ ಅಲೆ ತೆರೆಯ ಮೇಲೆ ಕಾಣುತ್ತದೆ, ಮಾತು ಶುರುವಾಗುವಲ್ಲಿ ಮತ್ತು ಮುಗಿಯುವಲ್ಲಿ ಗುರುತು ಹಾಕುತ್ತಾ ಹೋಗಬೇಕು. ಕಡತ ಎಸ್‌ಆರ್‌ಟಿ ಮಾದರಿಯಲ್ಲಿರಲಿ. ಒಳಗೆ ಅದು ಹೀಗಿರುತ್ತದೆ:

214
00:27:41,300 --> 00:27:43,600
ನೀ ಎಲ್ಲಿದ್ದಿ ನಿನಗ ಗೊತ್ತಿಲ್ಲ

ಮೊದಲು ಕ್ರಮಸಂಖ್ಯೆ, ಆಮೇಲೆ ಸಮಯ, ಆಮೇಲೆ ಮಾತು, ಕೊನೆಗೆ ಒಂದು ಖಾಲಿ ಸಾಲು. ಸೆಕೆಂಡಿನ ನಂತರ ಅಲ್ಪವಿರಾಮ ಬರಬೇಕು, ಚುಕ್ಕೆಯಲ್ಲ. ಖಾಲಿ ಸಾಲು ತಪ್ಪಿದರೆ ಮುಂದಿನ ಸಂಖ್ಯೆ, ಸಮಯ ಎಲ್ಲವೂ ಪರದೆಯ ಮೇಲೆ ಮಾತಿನ ಜೊತೆಗೇ ಮೂಡುತ್ತವೆ.

ಒಂದು ಸಾಲಿಗೆ 20ರಿಂದ 22 ಅಕ್ಷರ, ಒಂದು ಹೊತ್ತಿಗೆ ಎರಡೇ ಸಾಲು. ಓದಲು ಸೆಕೆಂಡಿಗೆ 10 ಅಕ್ಷರದ ಲೆಕ್ಕ ಇಟ್ಟುಕೊಳ್ಳಿ. ಎಷ್ಟೇ ಚಿಕ್ಕ ಮಾತಾದರೂ 1 ಸೆಕೆಂಡು ನಿಲ್ಲಲಿ, ಎಷ್ಟೇ ಉದ್ದವಾದರೂ 6–7 ಸೆಕೆಂಡು ದಾಟದಿರಲಿ. ಒಂದರ ಹಿಂದೊಂದು ಬರುವ ಮಾತುಗಳ ನಡುವೆ ಎರಡು ಫ್ರೇಮ್, ಅಂದರೆ ಸೆಕೆಂಡಿನ 0.08 ಭಾಗದಷ್ಟು ಬಿಡುವು ಇಡಿ. ಇಲ್ಲದಿದ್ದರೆ ಮಾತು ಬದಲಾದದ್ದು ಕಣ್ಣಿಗೆ ಗೊತ್ತಾಗುವುದಿಲ್ಲ.

ತಂತ್ರಾಂಶ ತೋರಿಸುವ ಅಕ್ಷರಗಳ ಎಣಿಕೆಯನ್ನು ಇಲ್ಲಿ ನಂಬಬೇಡಿ. ನಮಗೆ ‘ಸ್ಕ್ರೀ’ ಒಂದೇ ಅಕ್ಷರ, ಕಂಪ್ಯೂಟರಿಗೆ ಅದು ಸ, ಹಲಂತ, ಕ, ಹಲಂತ, ರ, ದೀರ್ಘ ಎಂದು ಆರು. ಹಾಗಾಗಿ ಸರಿಯಾದ ಸಾಲಿಗೂ ಕೆಂಪು ಬಣ್ಣ ಬರುತ್ತದೆ. ಕೆಂಪು ಕಂಡೊಡನೆ ಕತ್ತರಿಸುತ್ತಾ ಹೋದರೆ ಒತ್ತಕ್ಷರ ಹೆಚ್ಚಿರುವ ಸಾಲುಗಳು ವಿನಾಕಾರಣ ಬಡವಾಗುತ್ತವೆ. ಬಾಯಿಂದ ಓದಿ ಎಣಿಸಿ.

ಹಿಂದಿ ಧ್ವನಿಯಲ್ಲಿ ಬಾರದ ಬರಹವನ್ನು ಮರೆಯಬೇಡಿ. ಚಿತ್ರದ ಆರಂಭದಲ್ಲಿ ನಿಯೋನ ಕಂಪ್ಯೂಟರಿನ ಮೇಲೆ ಯಾರೋ ಬರೆಯುತ್ತಾ ಹೋಗುವ ಸಾಲುಗಳಿವೆ, ಕತೆ ಅಲ್ಲಿಂದಲೇ ತಿರುಗುತ್ತದೆ. ಅದನ್ನು ಕನ್ನಡಕ್ಕೆ ತಂದು, ಮಾತಿನಿಂದ ಬೇರೆಯಾಗಿ ಕಾಣಲು ಉದ್ಧರಣ ಚಿಹ್ನೆಯೊಳಗಿಡಿ. ಹಸಿರು ಮಳೆಯಂತೆ ಸುರಿಯುವ ಅಕ್ಷರಗಳಿಗೆ ಅನುವಾದ ಬೇಡ, ಅವು ಜಪಾನಿ ಲಿಪಿಯ ಕನ್ನಡಿ ರೂಪಗಳ ಜೊತೆ ಅಂಕಿಗಳು ಬೆರೆತ ಅಲಂಕಾರ.

ಈ ಅಳತೆಯ ಚಿತ್ರಕ್ಕೆ ಸಾವಿರದ ಹತ್ತಿರ ಸಾಲು ಬರುತ್ತದೆಂದು ಸಿದ್ಧರಾಗಿ. ಹೊಸಬರು 10 ನಿಮಿಷದ ಚಿತ್ರಕ್ಕೆ 4 ತಾಸು ಹಿಡಿಯಲಿ, 14 ಕಂತಿಗೆ 56 ತಾಸು. ಮೊದಲ ಎರಡು ಕಂತು ಮೂವರೂ ಒಟ್ಟಿಗೆ ಮಾಡಿ, ಆಮೇಲೆ ಹಂಚಿಕೊಳ್ಳಿ. ಯಂತ್ರಾನುವಾದಕ್ಕೆ ಕೊಟ್ಟು ತಿದ್ದುತ್ತೇವೆ ಎಂದು ಹೊರಟರೆ ಮೇಲೆ ಹೇಳಿದ ಸಂಸಾರ, ಅವಸರ, ತುಮ್ ಎಲ್ಲವನ್ನೂ ಮತ್ತೆ ಒಂದೊಂದಾಗಿ ಹೆಕ್ಕಬೇಕು, ಉಳಿತಾಯ ಏನೂ ಇಲ್ಲ.

ಕನ್ನಡ ಅಕ್ಷರ ಕೈಕೊಡುವ ಜಾಗಗಳು

ಚೌಕ ಚೌಕ, ಪ್ರಶ್ನಾರ್ಥಕ ಚಿಹ್ನೆ, ಇಲ್ಲವೇ ಇಂಗ್ಲಿಷ್ ಅಕ್ಷರಗಳ ಕಲಸುಮೇಲೋಗರ: ಮೂರಕ್ಕೂ ಕಾರಣ ಬೇರೆ ಬೇರೆ. ಕಲಸುಮೇಲೋಗರ ಬಂದರೆ ‘ನುಡಿ’ ಅಥವಾ ‘ಬರಹ’ ತಂತ್ರಾಂಶದ ಹಳೆಯ ಫಾಂಟಿನಲ್ಲಿ ಟೈಪ್ ಮಾಡಿದ್ದಾರೆ, ಯುನಿಕೋಡ್‌ಗೆ ಪರಿವರ್ತಿಸಿ. ಬರೀ ಪ್ರಶ್ನಾರ್ಥಕ ಚಿಹ್ನೆಗಳಿದ್ದರೆ ನೋಟ್‌ಪ್ಯಾಡಿನಲ್ಲಿ ‘ಆ್ಯನ್ಸಿ’ ಎಂದು ಉಳಿಸಿದ್ದಾರೆ. ಆ ಕಡತ ಮರಳಿ ಬಾರದು, ಹಿಂದಿನ ಪ್ರತಿಯಿಂದ ತೆಗೆದು ‘ಯುಟಿಎಫ್-8’ ಎಂದು ಉಳಿಸಬೇಕು. ಇದಕ್ಕಾಗಿಯೇ ದಿನಕ್ಕೊಂದು ಪ್ರತಿ ಎತ್ತಿಡಿ. ಚೌಕಗಳು ಬಂದರೆ ಫಾಂಟಿಲ್ಲ, ಚಿತ್ರ ಓಡಿಸುವ ತಂತ್ರಾಂಶವಾದ ವಿಎಲ್‌ಸಿಯ ಸಬ್‌ಟೈಟಲ್ ಆಯ್ಕೆಗಳಲ್ಲಿ ‘ನೋಟೊ ಸಾನ್ಸ್ ಕನ್ನಡ’ ಅಥವಾ ವಿಂಡೋಸ್‌ನಲ್ಲೇ ಇರುವ ‘ನಿರ್ಮಲಾ ಯುಐ’ ಹಾಕಿ.

‘ಮ್ಯಾಟ್ರಿಕ್ಸ್‌ಗೆ’, ‘ಏಜೆಂಟ್‌ಗಳು’ ಎಂಬಲ್ಲಿ ಹಲಂತದ ನಂತರ ಕಣ್ಣಿಗೆ ಕಾಣದ ಒಂದು ಚಿಹ್ನೆ ಹಾಕಬೇಕು, ಯುನಿಕೋಡ್‌ನಲ್ಲಿ ಅದರ ಸಂಕೇತ 200ಸಿ. ಅದಿಲ್ಲದಿದ್ದರೆ ಗಕಾರ ಒತ್ತಾಗಿ ಕೆಳಗಿಳಿದು ‘ಏಜೆಂಟ್ಗಳು’ ಎಂದಾಗುತ್ತದೆ. ಸಾಧ್ಯವಿದ್ದಲ್ಲಿ ‘ಏಜೆಂಟರು’ ಎಂದು ಬರೆದು ಈ ಗೋಜನ್ನೇ ತಪ್ಪಿಸಿ.

ಪೆನ್‌ಡ್ರೈವ್ ಅನ್ನು ನೇರವಾಗಿ ಟಿವಿಗೋ ಪ್ರೊಜೆಕ್ಟರಿಗೋ ಚುಚ್ಚಬೇಡಿ. ಅವುಗಳೊಳಗಿನ ಪ್ಲೇಯರ್‌ಗಳಲ್ಲಿ ಅನೇಕಕ್ಕೆ ಒತ್ತಕ್ಷರ ಜೋಡಿಸಲು ಬರುವುದಿಲ್ಲ. ಲ್ಯಾಪ್‌ಟಾಪಿನಿಂದ ಎಚ್‌ಡಿಎಂಐ ತಂತಿಯಲ್ಲಿ ಕೊಡುವುದೇ ಸುರಕ್ಷಿತ.

ಸಾಲು ಮಾತಿಗೆ ಹೊಂದದಿದ್ದರೆ

ಚಿತ್ರದ ಆರಂಭದಲ್ಲಿ ಒಂದು ಮಾತು, ಕೊನೆಯ ಹತ್ತು ನಿಮಿಷದಲ್ಲಿ ಒಂದು ಮಾತು ಆಯ್ದು ಎಷ್ಟು ವ್ಯತ್ಯಾಸ ಇದೆ ನೋಡಿ. ಎರಡೂ ಕಡೆ ಒಂದೇ ಅಳತೆಯಲ್ಲಿ ಹಿಂದೆಮುಂದೆ ಇದ್ದರೆ ಆರಂಭದ ಎಚ್ಚರಿಕೆ ಫಲಕ, ಲಾಂಛನಗಳ ಉದ್ದ ಬೇರೆಯಾಗಿದೆ ಎಂದರ್ಥ. ‘ಅಡ್ಜಸ್ಟ್ ಆಲ್ ಟೈಮ್ಸ್’ನಲ್ಲಿ ಇಡೀ ಕಡತವನ್ನು ಅಷ್ಟು ಸರಿಸಿ. ಪ್ರದರ್ಶನದ ನಡುವೆ ಗೊತ್ತಾದರೆ ವಿಎಲ್‌ಸಿಯಲ್ಲಿ ‘ಜಿ’ ಮತ್ತು ‘ಎಚ್’ ಕೀಲಿಗಳು ಒಂದು ಒತ್ತಿಗೆ 50 ಮಿಲಿಸೆಕೆಂಡಿನಂತೆ ಸಬ್‌ಟೈಟಲನ್ನು ಹಿಂದೆಮುಂದೆ ಮಾಡುತ್ತವೆ.

ಆರಂಭದಲ್ಲಿ ಸರಿಯಿದ್ದು ಹೋಗುತ್ತಾ ಹೋಗುತ್ತಾ ದೂರವಾದರೆ ಅದು ವೇಗದ ವ್ಯತ್ಯಾಸ. ಸಿನಿಮಾ ಸೆಕೆಂಡಿಗೆ 24 ಫ್ರೇಮ್, ನಮ್ಮ ದೇಶದ ಪಾಲ್ ಪದ್ಧತಿಯ ಡಿವಿಡಿಗಳು 25. ಹಾಗೆ ಓಡಿಸಿದಾಗ 136 ನಿಮಿಷದ ಚಿತ್ರ ಸುಮಾರು 130 ನಿಮಿಷ ಮೂವತ್ತು ಸೆಕೆಂಡಿಗೆ ಮುಗಿಯುತ್ತದೆ. ಬ್ಲೂರೇ ನೋಡಿ ಮಾಡಿದ ಕಡತವನ್ನು ಅದರ ಮೇಲೆ ಹಾಕಿದರೆ 10 ನಿಮಿಷಕ್ಕೆ ಸುಮಾರು 24 ಸೆಕೆಂಡು ತಪ್ಪುತ್ತದೆ. ಕೀಲಿ ಒತ್ತುತ್ತಾ ಕೂತರೆ ಇದು ಬಗೆಹರಿಯದು, ‘ಚೇಂಜ್ ಫ್ರೇಮ್ ರೇಟ್’ನಲ್ಲಿ ಬ್ಲೂರೇಯ 23.976ರಿಂದ ಡಿವಿಡಿಯ 25ಕ್ಕೆ ಬದಲಿಸಬೇಕು. ಇದಕ್ಕೇ ಹೇಳುವುದು, ಯಾವ ಡಿಸ್ಕ್ ತೋರಿಸುತ್ತೀರೋ ಅದೇ ಡಿಸ್ಕ್ ಮೇಲೆ ಕೆಲಸ ಮಾಡಿ.

ಸಭಾಂಗಣ

ಮಾತೇ ಕೇಳದೆ ಹಾಡು, ಗುಂಡಿನ ಸದ್ದು ಮಾತ್ರ ಕೇಳಿಸುವ ದೋಷ ಕಾಲೇಜು ಸಭಾಂಗಣಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಲ್ಯಾಪ್‌ಟಾಪಿನ ಸ್ಟಿರಿಯೊ ಧ್ವನಿಯನ್ನು ಮೂರು ಪಟ್ಟಿಯ ಒಂದೇ ದಪ್ಪ ಪಿನ್ನಿನಿಂದ ಆಂಪ್ಲಿಫೈಯರಿನ ಮೈಕ್ ಕಿಂಡಿಗೆ ಕೊಟ್ಟಿರುತ್ತಾರೆ. ಆ ಕಿಂಡಿ ಎಡದಿಂದ ಬಲವನ್ನು ಕಳೆಯುತ್ತದೆ. ಸಂಭಾಷಣೆ ಎರಡರಲ್ಲೂ ಒಂದೇ ಸಮ ಇರುವುದರಿಂದ ಪೂರ್ತಿ ಮಾಯವಾಗುತ್ತದೆ. 3.5 ಮಿಲಿಮೀಟರ್ ಪಿನ್ನಿನಿಂದ ಎರಡು ಬೇರೆ ಪಿನ್ನಾಗಿ ಒಡೆಯುವ ತಂತಿ ತಂದು ಎಡ, ಬಲ ಎರಡನ್ನೂ ಲೈನ್ ಕಿಂಡಿಗಳಿಗೆ ಕೊಡಿ. ಧ್ವನಿಪಟ್ಟಿ 5.1, ಅಂದರೆ ಆರು ಸ್ಪೀಕರಿಗೆ ಹಂಚಿದ್ದು ಇದ್ದರೆ ವಿಎಲ್‌ಸಿಯಲ್ಲಿ ಸ್ಟಿರಿಯೊಗೆ ಇಳಿಸಿ.

ಬ್ಲೂಟೂತ್ ಸ್ಪೀಕರ್ ಬೇಡ, ಧ್ವನಿ ತಡವಾಗುತ್ತದೆ. ಡಬ್ಬಿಂಗ್ ಚಿತ್ರದಲ್ಲಿ ಈ ತಡವನ್ನು ತುಟಿ ನೋಡಿ ಅಳೆಯಲಾಗದು, ತುಟಿ ಹೇಗೂ ಹೊಂದಿರುವುದಿಲ್ಲ. ಗುಂಡು ಹಾರುವ ಅಥವಾ ಬಾಗಿಲು ಬಡಿಯುವ ಗಳಿಗೆ ನೋಡಿ, ‘ಜೆ’ ಮತ್ತು ‘ಕೆ’ ಕೀಲಿಗಳಿಂದ ಧ್ವನಿ ಸರಿಮಾಡಿ. ಹಿಂದಿ ಬದಲು ಇಂಗ್ಲಿಷ್ ಶುರುವಾದರೆ ‘ಬಿ’ ಒತ್ತಿ.

ಚಿತ್ರ ಕತ್ತಲ ಹಸಿರಿನದು, ಕೋಣೆಗೆ ಬೆಳಕು ಬಿದ್ದರೆ ಅರ್ಧ ದೃಶ್ಯ ಕಾಣುವುದಿಲ್ಲ. ಕಿಟಕಿಗಳಿಗೆ ಕಪ್ಪು ಬಟ್ಟೆ ಕಟ್ಟಿ, ಇಲ್ಲವೇ ಸಂಜೆ 7ರ ಮೇಲೆ ಇಟ್ಟುಕೊಳ್ಳಿ. ಏಪ್ರಿಲ್–ಮೇ ತಿಂಗಳಲ್ಲಿ ಕಲಬುರಗಿಯಲ್ಲಿ 40 ಡಿಗ್ರಿ ದಾಟುತ್ತದೆ. ಬಹಳಷ್ಟು ಪ್ರೊಜೆಕ್ಟರುಗಳು ಸುತ್ತಲ ಬಿಸಿ 35–40 ಡಿಗ್ರಿ ಮೀರಿದರೆ ತಾವೇ ಆರುತ್ತವೆ. ಗಾಳಿ ಕಿಂಡಿಯ ಸುತ್ತ ಒಂದಡಿ ಜಾಗ ಬಿಡಿ. ನವೆಂಬರಿನಿಂದ ಫೆಬ್ರವರಿ ಒಳ್ಳೆಯ ಕಾಲ.

ಕರೆಂಟು ಹೋದಾಗ ದೀಪದ ಪ್ರೊಜೆಕ್ಟರ್ ಫ್ಯಾನಿಲ್ಲದೆ ಆರಿದರೆ ದೀಪಕ್ಕೆ ಪೆಟ್ಟು, ತಣ್ಣಗಾಗುವ ತನಕ ಮತ್ತೆ ಹತ್ತುವುದೂ ಇಲ್ಲ. ಪ್ರೊಜೆಕ್ಟರ್, ಲ್ಯಾಪ್‌ಟಾಪ್, ಆಂಪ್ಲಿಫೈಯರ್ ಸೇರಿ 500 ವ್ಯಾಟ್ ಎಂದು ಹಿಡಿದರೆ, 12 ವೋಲ್ಟಿನ 150 ಆಂಪಿಯರ್-ಅವರ್ ಬ್ಯಾಟರಿಯ ಇನ್ವರ್ಟರ್ ಎರಡು ತಾಸಿನ ಆಸುಪಾಸು ನಡೆಸುತ್ತದೆ. ಜನರೇಟರ್ ಇರುವಲ್ಲಿ, ಅದು ಚಾಲೂ ಆಗುವವರೆಗೆ ಪ್ರೊಜೆಕ್ಟರನ್ನು ಹಿಡಿದಿಡಲು ಸಣ್ಣ ಯುಪಿಎಸ್ ಸಾಕು.

ಪರದೆಯ ಕೆಳ ಅಂಚು ನೆಲದಿಂದ 4–5 ಅಡಿ ಮೇಲಿರಲಿ. ಸಮತಟ್ಟು ನೆಲದಲ್ಲಿ ಖುರ್ಚಿ ಹಾಕಿದಾಗ ಮುಂದಿನವರ ತಲೆ ಮೊದಲು ಮುಚ್ಚುವುದೇ ಸಬ್‌ಟೈಟಲನ್ನು. ಚಿತ್ರ ಅಗಲ ಪರದೆಯದು, 1080 ಪಿಕ್ಸೆಲ್ ಎತ್ತರದ ಪ್ರೊಜೆಕ್ಟರಿನಲ್ಲಿ ಮೇಲೆ ಕೆಳಗೆ ಸುಮಾರು 138 ಪಿಕ್ಸೆಲ್‌ನಷ್ಟು ಕಪ್ಪು ಪಟ್ಟಿ ಉಳಿಯುತ್ತದೆ. ಸಬ್‌ಟೈಟಲಿನ ಒಂದು ಸಾಲು ಅದರಲ್ಲಿ ಆರಾಮಾಗಿ ಕೂರುತ್ತದೆ. ಎರಡನ್ನೂ ಅಲ್ಲೇ ತುರುಕಿದರೆ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ತಾಗುತ್ತದೆ, ಮೇಲಿನದು ಚಿತ್ರದ ಮೇಲೆ ಏರಲಿ ಬಿಡಿ. ಬಣ್ಣ ಬಿಳಿ, ಸುತ್ತ ಕಪ್ಪು ಅಂಚು. ಹಸಿರು ಬೇಡವೇ ಬೇಡ.

ಮಧ್ಯಂತರ ಬೇಕಿದ್ದರೆ ಒಂದು ತಾಸು ದಾಟಿದ ಮೇಲೆ ಸೈಫರ್‌ನ ಊಟದ ದೃಶ್ಯ ಮುಗಿದಾಗ ಕೊಡಿ. ಅವನೇನು ಮಾಡಲಿದ್ದಾನೆಂಬ ಮಾತು ಚಹಾ ಕುಡಿಯುವಾಗ ತಾನಾಗಿ ಹುಟ್ಟುತ್ತದೆ.

ಹಿಂದಿನ ದಿನ ಅದೇ ಕೋಣೆಯಲ್ಲಿ ಅದೇ ತಂತಿಗಳಿಂದ ಮೂರು ಜಾಗ ಓಡಿಸಿ ನೋಡಿ: ಕಂಪ್ಯೂಟರಿನ ಬರಹ ಬರುವ ಆರಂಭ, ಮಾರ್ಫಿಯಸ್ ಎಲ್ಲವನ್ನೂ ವಿವರಿಸುವ ಉದ್ದನೆಯ ಸಂಭಾಷಣೆ, ಕೊನೆಯ ಹತ್ತು ನಿಮಿಷ. ಹಿಂದಿ ಬಾರದ ಒಬ್ಬರನ್ನು ಕೊನೆಯ ಸಾಲಿನಲ್ಲಿ ಕೂರಿಸಿ, ಓದಲಾಗದೆ ಹಾದುಹೋದ ಮಾತುಗಳ ಸಮಯ ಬರೆದುಕೊಳ್ಳಲು ಹೇಳಿ. ಆ ಸಾಲುಗಳನ್ನು ಅಂದೇ ರಾತ್ರಿ ಗಿಡ್ಡ ಮಾಡಿ, ಕಡತದ ಹೆಸರಿನ ಕೊನೆಗೆ ದಿನಾಂಕ ಸೇರಿಸಿ ಉಳಿಸಿ, ಹಳೆಯದನ್ನು ಪ್ರದರ್ಶನದ ಲ್ಯಾಪ್‌ಟಾಪಿನಿಂದ ತೆಗೆದುಬಿಡಿ.